ಅಣ್ಣಾ ಸಾಳುಂಕೆ: ಮೂಕಿ ಚಿತ್ರಗಳ ಕಲಾವಿದರ ಸಂಕ್ಷಿಪ್ತ ಪರಿಚಯ

ಭಾರತದ ಮೊದಲ ಪೂರ್ಣಪ್ರಮಾಣದ ಕಥಾಚಿತ್ರವೆಂದು ಸಾಮಾನ್ಯವಾಗಿ ಪರಿಗಣಿಸಲಾಗಿರುವ ‘ರಾಜಾ ಹರಿಶ್ಚಂದ್ರ’ವನ್ನು ನಿರ್ಮಿಸಿದ ದಾದಾಸಾಹೇಬ್ ಫಾಲ್ಕೆ ಅವರ ಹೆಸರನ್ನು ಅರಿಯದವರು ವಿರಳ. ಕೇಂದ್ರ ಸರ್ಕಾರವು 1969ನೇ ಸಾಲಿನಿಂದ ಅವರ ಹೆಸರಿನಲ್ಲಿ ಪ್ರಶಸ್ತಿಯನ್ನು ನೀಡುತ್ತಾ ಬಂದಿದೆ. ಅದೇ ಚಿತ್ರದಲ್ಲಿ ರಾಣಿ ತಾರಾಮತಿಯ ಪಾತ್ರವನ್ನು ನಿರ್ವಹಿಸಿದ ಅಣ್ಣಾ ಸಾಳುಂಕೆ ಅವರ ಹೆಸರು ಮಾತ್ರ ಚಲನಚಿತ್ರ ಇತಿಹಾಸದ ಅಭ್ಯಾಸಿಗಳ ವಲಯದಾಚೆಗೆ ಹೆಚ್ಚಾಗಿ ಕೇಳಿಬರುವುದಿಲ್ಲ. ಇವರು ಪುರುಷ ಕಲಾವಿದರು ಎಂಬುದನ್ನು ಮೊದಲಿಗೇ ಸ್ಪಷ್ಟಪಡಿಸುವುದು ಸೂಕ್ತ.

ಚಿತ್ರರಂಗ ಪ್ರವೇಶ

ಆ ಕಾಲದಲ್ಲಿ ಮಹಿಳೆಯರು ಕ್ಯಾಮೆರಾದ ಮುಂದೆ ನಿಲ್ಲುವುದು ಅಗೌರವವೆಂಬ ಭಾವನೆ ಸಮಾಜದಲ್ಲಿ ಬಲವಾಗಿ ಬೇರೂರಿತ್ತು. ಫಾಲ್ಕೆ ಅವರು ಪತ್ರಿಕೆಗಳಲ್ಲಿ ಜಾಹೀರಾತು ನೀಡಿದರೂ ಯೋಗ್ಯ ನಟಿಯರು ದೊರೆಯಲಿಲ್ಲ. ವೇಶ್ಯಾವಾಟಿಕೆಗಳಲ್ಲಿ ವಿಚಾರಿಸಿದಾಗ ಅಲ್ಲಿಯೂ ನಿರಾಕರಣೆಯೇ ಎದುರಾಯಿತು. ಕಡೆಗೆ ಮುಂಬಯಿಯ ಗ್ರಾಂಟ್ ರಸ್ತೆಯ ಖಾನಾವಳಿಯೊಂದರಲ್ಲಿ ಅಡುಗೆ ಕೆಲಸದಲ್ಲಿದ್ದ ಸಾಳುಂಕೆ ಅವರ ತೆಳುವಾದ ಮೈಕಟ್ಟು ಹಾಗೂ ನೀಳ ಬೆರಳುಗಳು ಫಾಲ್ಕೆ ಅವರ ಗಮನ ಸೆಳೆದವು. ಖಾನಾವಳಿಯಲ್ಲಿ ಅವರಿಗೆ ಮಾಸಿಕ 10 ರೂಪಾಯಿ ವೇತನವಿದ್ದು, ಫಾಲ್ಕೆ ಅವರು 15 ರೂಪಾಯಿ ನೀಡಲು ಒಪ್ಪಿದರೆಂದು ಇತಿಹಾಸಕಾರರು ದಾಖಲಿಸಿದ್ದಾರೆ. ಇಂದು ಅಲ್ಪವೆನಿಸುವ ಈ 5 ರೂಪಾಯಿ, ಅಂದಿನ ಲೆಕ್ಕದಲ್ಲಿ ಶೇಕಡಾ 50ರಷ್ಟು ವೇತನ ಹೆಚ್ಚಳವೆಂಬುದನ್ನು ಗಮನಿಸಬೇಕು. ಕಲೆಯ ಹಂಬಲದಷ್ಟೇ ಜೀವನೋಪಾಯವೂ ಇಲ್ಲಿ ಕೆಲಸ ಮಾಡಿರಬಹುದು.

‘ರಾಜಾ ಹರಿಶ್ಚಂದ್ರ’ವು 1913ರ ಏಪ್ರಿಲ್ 21ರಂದು ಮುಂಬಯಿಯ ಒಲಿಂಪಿಯಾ ಚಿತ್ರಮಂದಿರದಲ್ಲಿ ಆಹ್ವಾನಿತರಿಗಾಗಿಯೂ, ಮೇ 3ರಂದು ಕಾರೊನೇಷನ್ ಚಿತ್ರಮಂದಿರದಲ್ಲಿ ಸಾರ್ವಜನಿಕರಿಗಾಗಿಯೂ ಪ್ರದರ್ಶಿತವಾಯಿತು. ಹರಿಶ್ಚಂದ್ರನಾಗಿ ಡಿ.ಡಿ. ದಾಬಕೆ, ರೋಹಿತಾಶ್ವನಾಗಿ ಫಾಲ್ಕೆ ಅವರ ಪುತ್ರ ಭಾಲಚಂದ್ರ ಅಭಿನಯಿಸಿದ್ದರು.

ಪುರುಷರು ಸ್ತ್ರೀಪಾತ್ರ ವಹಿಸುವುದು ಅಂದಿನ ಪ್ರೇಕ್ಷಕರಿಗೆ ಹೊಸತಾಗಿರಲಿಲ್ಲ. ಮರಾಠಿ ರಂಗಭೂಮಿಯಲ್ಲಿ ಬಾಲಗಂಧರ್ವರು ಅದೇ ಕಾಲದಲ್ಲಿ ಸ್ತ್ರೀಪಾತ್ರಗಳಿಂದ ಮನೆಮಾತಾಗಿದ್ದರು. ನಮ್ಮ ಯಕ್ಷಗಾನದಲ್ಲಿಯೂ ಈ ಸಂಪ್ರದಾಯವುಂಟು. ಆದರೆ ಬಾಲಗಂಧರ್ವರಿಗೆ ಕಂಠಸಿರಿಯ ಬಲವಿತ್ತು. ಮೂಕಿ ಚಿತ್ರದ ಕಲಾವಿದನಿಗೆ ಮಾತೂ ಇಲ್ಲ, ಹಾಡೂ ಇಲ್ಲ. ಮುಖಭಾವ ಹಾಗೂ ಅಂಗಚಲನೆಯಿಂದಲೇ ತಾರಾಮತಿಯ ದುಃಖವನ್ನು ತೋರಿಸಬೇಕಾಗಿತ್ತು, ಅದೂ ರಂಗಕ್ಕಿಂತ ಹತ್ತಿರದಿಂದ ನೋಡುವ ಕ್ಯಾಮೆರಾದ ಎದುರು.

ರಾಮನೂ ಅವರೇ, ಸೀತೆಯೂ ಅವರೇ

ಸಾಳುಂಕೆ ಅವರ ವೃತ್ತಿಜೀವನದ ಅತ್ಯಂತ ಗಮನಾರ್ಹ ಚಿತ್ರ 1917ರ ‘ಲಂಕಾ ದಹನ’. ಇದರಲ್ಲಿ ಅವರು ಶ್ರೀರಾಮ ಹಾಗೂ ಸೀತೆ ಎರಡೂ ಪಾತ್ರಗಳನ್ನು ನಿರ್ವಹಿಸಿದರು. ಭಾರತೀಯ ಚಿತ್ರರಂಗದ ಮೊದಲ ದ್ವಿಪಾತ್ರಾಭಿನಯ ಇದೆಂದು ಪರಿಗಣಿಸಲಾಗಿದೆ. ಕಥೆಯ ಬಹುಭಾಗದಲ್ಲಿ ಸೀತೆ ಅಶೋಕವನದಲ್ಲಿಯೂ ರಾಮನು ದೂರದಲ್ಲಿಯೂ ಇರುವುದರಿಂದ ಒಬ್ಬರೇ ಎರಡನ್ನೂ ನಿಭಾಯಿಸುವುದು ಸಾಧ್ಯವಾಯಿತೆನ್ನಬಹುದು. ಸೀತೆಯ ತೋಳುಗಳಲ್ಲಿ ಪುರುಷನ ಮಾಂಸಖಂಡಗಳು ಕಾಣುತ್ತಿದ್ದವೆಂಬ ಮಾತು ಪ್ರಚಲಿತದಲ್ಲಿದೆ. ಆದರೂ ತೆರೆಯ ಮೇಲೆ ರಾಮನು ಕಾಣಿಸಿಕೊಂಡೊಡನೆ ಪ್ರೇಕ್ಷಕರು ಪಾದರಕ್ಷೆಗಳನ್ನು ಕಳಚಿ ಭಕ್ತಿ ತೋರುತ್ತಿದ್ದರೆಂದು ಹೇಳಲಾಗಿದೆ. ಚಿತ್ರವು ಅಪಾರ ಯಶಸ್ಸು ಕಂಡಿತು. ಮದರಾಸಿನಲ್ಲಿ ಗಳಿಕೆಯ ನಾಣ್ಯಗಳನ್ನು ಎತ್ತಿನ ಗಾಡಿಯಲ್ಲಿ ಸಾಗಿಸಲಾಯಿತೆಂಬ ಕಥೆಯೂ ಪ್ರಸಿದ್ಧವಾಗಿದೆ.

ಕಾಲಕ್ರಮೇಣ ಸಾಳುಂಕೆ ಅವರು ಛಾಯಾಗ್ರಹಣವನ್ನು ಕೈಗೊಂಡರು. ‘ಸತ್ಯನಾರಾಯಣ’ (1922) ಹಾಗೂ ‘ಬುದ್ಧದೇವ’ (1923) ಚಿತ್ರಗಳಿಗೆ ಅವರು ಛಾಯಾಗ್ರಾಹಕರಾಗಿದ್ದರು. ಅಡುಗೆಮನೆಯಿಂದ ಬಂದ ವ್ಯಕ್ತಿಯೊಬ್ಬರು ಹತ್ತು ವರ್ಷಗಳೊಳಗೆ ಕ್ಯಾಮೆರಾದ ಎರಡೂ ಬದಿಗಳಲ್ಲಿ ದುಡಿದದ್ದು ಸಾಮಾನ್ಯ ಸಂಗತಿಯಲ್ಲ. 1931ರಲ್ಲಿ ‘ಆಲಂ ಆರಾ’ದೊಂದಿಗೆ ವಾಕ್ಚಿತ್ರಗಳು ಬಂದವು, ಮೂಕಿ ಯುಗ ಕ್ರಮೇಣ ಮುಗಿಯಿತು.

ಉಳಿದಿರುವ ಚಿತ್ರಭಾಗಗಳು

ಅಂದಿನ ಚಿತ್ರಸುರುಳಿಗಳು ನೈಟ್ರೇಟ್ ಆಧಾರಿತವಾಗಿದ್ದು, ಸುಲಭವಾಗಿ ಬೆಂಕಿಗೆ ಆಹುತಿಯಾಗುತ್ತಿದ್ದವು. ಬೆಂಕಿಯಿಂದ ಪಾರಾದವುಗಳಲ್ಲಿ ಅನೇಕವು ಕಾಲಾಂತರದಲ್ಲಿ ಕೊಳೆತುಹೋದವು. ಸುಮಾರು 3,700 ಅಡಿ ಉದ್ದದ ‘ರಾಜಾ ಹರಿಶ್ಚಂದ್ರ’ದ ಮೊದಲ ಹಾಗೂ ಕೊನೆಯ ರೀಲುಗಳು ಮಾತ್ರ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ (ಸ್ಥಾಪನೆ 1964) ಲಭ್ಯವಿವೆ. ಇವೂ ಸಹ 1917ರಲ್ಲಿ ಮರುಚಿತ್ರೀಕರಿಸಿದ ಆವೃತ್ತಿಯವೆಂದು ಕೆಲವು ಇತಿಹಾಸಕಾರರು ಅಭಿಪ್ರಾಯಪಟ್ಟಿದ್ದಾರೆ. ‘ಲಂಕಾ ದಹನ’ದ ಕೆಲವು ತುಣುಕುಗಳಷ್ಟೇ ಉಳಿದಿವೆ. ಅಂದರೆ, ಈ ಕಲಾವಿದರ ಅಭಿನಯವನ್ನು ಇಂದು ನಾವು ಕೆಲವೇ ನಿಮಿಷಗಳಷ್ಟು ನೋಡಬಹುದಾಗಿದೆ. ಪರೇಶ್ ಮೊಕಾಶಿ ಅವರ ಮರಾಠಿ ಚಿತ್ರ ‘ಹರಿಶ್ಚಂದ್ರಾಚಿ ಫ್ಯಾಕ್ಟರಿ’ (2009) ಫಾಲ್ಕೆ ಅವರ ಚಿತ್ರ ತಯಾರಿಕೆಯ ಕಥೆಯನ್ನು ಹೇಳುತ್ತದೆ; ಆಸಕ್ತರು ವೀಕ್ಷಿಸಬಹುದು.

ಮಾಹಿತಿ ಬಯಸುವವರ ಗಮನಕ್ಕೆ

ಸ್ಪರ್ಧಾತ್ಮಕ ಪರೀಕ್ಷೆಗಳಿಗೆ ಸಿದ್ಧರಾಗುವವರು ಒಂದು ಅಂಶವನ್ನು ಗಮನದಲ್ಲಿರಿಸಿಕೊಳ್ಳುವುದು. ‘ರಾಜಾ ಹರಿಶ್ಚಂದ್ರ’ದ ನಾಯಕಿಯ ಪಾತ್ರಧಾರಿ ಸಾಳುಂಕೆ, ಆದರೆ ಭಾರತೀಯ ಚಲನಚಿತ್ರದಲ್ಲಿ ಅಭಿನಯಿಸಿದ ಮೊದಲ ಮಹಿಳೆಯರೆಂದು ದುರ್ಗಾಬಾಯಿ ಕಾಮತ್ ಹಾಗೂ ಅವರ ಪುತ್ರಿ ಕಮಲಾಬಾಯಿ ಗೋಖಲೆ ಅವರನ್ನು ಗುರುತಿಸಲಾಗುತ್ತದೆ. ಅವರು ಅಭಿನಯಿಸಿದ ಚಿತ್ರ ‘ಮೋಹಿನಿ ಭಸ್ಮಾಸುರ’, ಅದೂ 1913ರದೇ.

ಶಾಲಾ ಕಾಲೇಜುಗಳಲ್ಲಿ ಹಾಗೂ ಚಿತ್ರ ಸಮಾಜಗಳಲ್ಲಿ ಈ ಚಿತ್ರಭಾಗಗಳನ್ನು ಬಳಸಲು ಇಚ್ಛಿಸುವವರು, ಕೃತಿಸ್ವಾಮ್ಯ ಅಧಿನಿಯಮ, 1957ರನ್ವಯ ಚಲನಚಿತ್ರದ ಹಕ್ಕಿನ ಅವಧಿ ಪ್ರಕಟಣೆಯ ಮುಂದಿನ ವರ್ಷದಿಂದ 60 ವರ್ಷಗಳೆಂಬುದನ್ನು ಗಮನಿಸಬಹುದು. 1913 ಹಾಗೂ 1917ರ ಚಿತ್ರಗಳಿಗೆ ಈ ಅವಧಿ ಎಂದೋ ಮುಗಿದಿದೆ. ಆದರೆ ಇತ್ತೀಚೆಗೆ ಸೇರಿಸಿರುವ ಹಿನ್ನೆಲೆ ಸಂಗೀತ ಅಥವಾ ನಿರೂಪಣೆಗೆ ಪ್ರತ್ಯೇಕ ಹಕ್ಕುಗಳಿರಬಹುದಾದ್ದರಿಂದ, ಅಂತಹ ಪ್ರತಿಯನ್ನು ಪ್ರದರ್ಶಿಸುವ ಮುನ್ನ ಸಂಬಂಧಪಟ್ಟವರ ಲಿಖಿತ ಅನುಮತಿಯನ್ನು ಪಡೆಯತಕ್ಕದ್ದು.