ಕಟ್ಟು ಕಳಚಿದ ಕರ್ಸರ್

ಕಾಗದಪತ್ರ ಬರೆಯುವವರಿಗೂ ಲೆಕ್ಕ ಜೋಡಿಸುವವರಿಗೂ ಕಂಪ್ಯೂಟರಿನ ಪರದೆಯ ಮೇಲಣ ಸಣ್ಣ ಬಾಣವು ಸಾಮಾನ್ಯವಾಗಿ ಯಾವ ತೊಂದರೆಯನ್ನೂ ಕೊಡುವುದಿಲ್ಲ. ಆದರೆ ಆಟದಲ್ಲಿ ತನ್ಮಯನಾದವನು, ಎದುರಾಳಿ ಮೂಲೆ ತಿರುಗಿ ಮುಂದೆ ಬಂದ ಕ್ಷಣದಲ್ಲಿಯೇ ಗುಂಡಿಯನ್ನೊತ್ತಿದಾಗ, ಅದುವರೆಗೆ ಅಡಗಿದ್ದ ಆ ಬಾಣವು ಕಿಟಕಿಯ ಅಂಚನ್ನು ದಾಟಿ ಪಕ್ಕದ ಪರದೆಯನ್ನು ಸೇರಿದ್ದುದರಿಂದ ಕ್ಲಿಕ್ಕು ಅಲ್ಲಿ ಬಿದ್ದು, ಆಟವು ಹಿಂದಕ್ಕೆ ಸರಿದು, ಎದುರಾಳಿಯೂ ಅವನಿದ್ದ ಕೋಣೆಯೂ ಕಣ್ಮರೆಯಾಗಿ, ಯಾವುದೋ ಕಡತಪಟ್ಟಿ ತೆರೆದುಕೊಳ್ಳುವುದುಂಟು. ಇದನ್ನು ಕ್ಷುಲ್ಲಕವೆಂದು ತಳ್ಳಿಹಾಕುವವರಿದ್ದಾರೆ. ನಾನು ಹಾಗೆ ಎಣಿಸಲಾರೆ. ಮನುಷ್ಯನ ಕೈಗೂ ಯಂತ್ರಕ್ಕೂ ನಡುವೆ ಏರ್ಪಟ್ಟ ಒಡಂಬಡಿಕೆಯಲ್ಲಿ ಮೊದಲಿನಿಂದಲೂ ಉಳಿದುಬಂದ ಒಂದು ಗೊಂದಲವು ಈ ದೋಷದ ಮೂಲಕ ಹೊರಬೀಳುತ್ತದೆ. ಆ ಗೊಂದಲವನ್ನು ಬಿಡಿಸಲು ಬಹಳ ಮಂದಿ ಬುದ್ಧಿವಂತರು ಬಹಳ ಕಾಲ ಶ್ರಮಿಸಿದ್ದಾರೆ.

ಅದರ ಬೇರು ಮೌಸಿನ ರಚನೆಯಲ್ಲಿಯೇ ಇದೆ. ೧೯೬೪ರಲ್ಲಿ ಕ್ಯಾಲಿಫೋರ್ನಿಯದ ಮೆನ್ಲೋ ಪಾರ್ಕಿನಲ್ಲಿದ್ದ ಸ್ಟ್ಯಾನ್‌ಫರ್ಡ್ ಸಂಶೋಧನ ಸಂಸ್ಥೆಯಲ್ಲಿ ಡಗ್ಲಸ್ ಎಂಗೆಲ್‌ಬಾರ್ಟರ ಕಲ್ಪನೆಯನ್ನನುಸರಿಸಿ ಬಿಲ್ ಇಂಗ್ಲಿಷ್ ಎಂಬ ಇಂಜಿನಿಯರು ನಿರ್ಮಿಸಿದ ಮೊದಲ ಮೌಸು ಮರದ ಕವಚವುಳ್ಳದ್ದು. ಅದರ ಅಡಿಯಲ್ಲಿ ಒಂದಕ್ಕೊಂದು ಲಂಬವಾಗಿ ಕೂರಿಸಿದ ಎರಡು ಚಕ್ರಗಳು, ಮೇಲ್ಗಡೆ ಒಂದೇ ಒಂದು ಗುಂಡಿ. ೧೯೬೮ರ ಡಿಸೆಂಬರ್ ೯ರಂದು ಸ್ಯಾನ್ ಫ್ರಾನ್ಸಿಸ್ಕೋದ ಸಮ್ಮೇಳನದಲ್ಲಿ ಎಂಗೆಲ್‌ಬಾರ್ಟರು ಅದನ್ನು ಸಭೆಗೆ ತೋರಿಸಿದರು. ೧೯೭೦ರ ನವೆಂಬರಿನಲ್ಲಿ ಅದಕ್ಕೆ ಪೇಟೆಂಟು ದೊರೆಯಿತು. ಚಕ್ರಗಳಿಗೆ ಗೊತ್ತಾಗುವುದು ತಾವು ಎಷ್ಟು ಉರುಳಿದೆವೆಂಬುದಷ್ಟೆ. ಮೌಸನ್ನು ಮೇಜಿನಿಂದೆತ್ತಿ ಒಂದು ಗೇಣು ಆಚೆಗಿಟ್ಟರೆ ಪರದೆಯ ಮೇಲಿನ ಗುರುತು ಕದಲದು. ಏಕೆಂದರೆ ಮೌಸಿಗೆ ಚಲನೆಯ ಅರಿವುಂಟೇ ಹೊರತು ಸ್ಥಾನದ ಅರಿವಿಲ್ಲ. ಸ್ಥಾನವೆಂಬುದು ಕಂಪ್ಯೂಟರು ಆ ಚಲನೆಗಳನ್ನು ಕೂಡಿ ಕಳೆದು ತಾನಾಗಿ ಕಟ್ಟಿಕೊಳ್ಳುವ ಲೆಕ್ಕ; ಆ ಲೆಕ್ಕದ ಕಣ್ಣಿಗೆ ಕಾಣುವ ರೂಪವೇ ಬಾಣ. ೧೯೭೩ರಲ್ಲಿ ಜೆರಾಕ್ಸ್ ಸಂಸ್ಥೆಯ ಆಲ್ಟೊ ಯಂತ್ರದಲ್ಲಿ, ಹದಿನಾರು ಚುಕ್ಕೆ ಅಗಲ ಹದಿನಾರು ಚುಕ್ಕೆ ಎತ್ತರದ ಸಣ್ಣ ಚೌಕದೊಳಗೆ ಸ್ಫುಟವಾಗಿ ಕಾಣಲೆಂದು ಬಾಣವು ಎಡಕ್ಕೆ ಓರೆಯಾಯಿತು. ೧೯೮೪ರ ಮ್ಯಾಕಿಂಟಾಷಿನೊಡನೆ ಅದು ಸಾಮಾನ್ಯ ಜನರ ಮನೆಗಳನ್ನು ಹೊಕ್ಕಿತು.

ಮೊದಮೊದಲಿನ ಆಟಗಳಿಗೆ ಬಾಣವು ಬೇಕಾದ ವಸ್ತುವೇ ಆಗಿದ್ದಿತು. ೧೯೮೭ರ ಮೇನಿಯಾಕ್ ಮ್ಯಾನ್ಷನ್, ೧೯೮೯ರ ಸಿಮ್‌ಸಿಟಿ, ೧೯೯೧ರ ಲೆಮಿಂಗ್ಸ್ ಮೊದಲಾದವುಗಳಲ್ಲಿ ಅದು ಆಟಗಾರನ ಕೈಯೇ. ಬಾಗಿಲನ್ನು ತೋರಿಸುವುದೂ, ರಸ್ತೆಯನ್ನೆಳೆಯುವುದೂ, ಪ್ರಪಾತದತ್ತ ಸಾಲುಗಟ್ಟಿ ನಡೆಯುವ ಮರಿಜೀವಿಗಳಲ್ಲೊಂದನ್ನು ಆರಿಸಿ ಅದಕ್ಕೆ ಕೆಲಸ ಹೇಳುವುದೂ ಅದರಿಂದಲೇ. ಆ ಕಾಲದಲ್ಲಿ ದಾರಿತಪ್ಪಿದ ಕರ್ಸರೆಂದರೆ ಬೇರೊಂದು ಬಗೆಯದು, ಅದನ್ನು ಸ್ವಲ್ಪ ಹತ್ತಿರದಿಂದ ನೋಡುವುದು ಯುಕ್ತ. ಡಾಸ್ ವ್ಯವಸ್ಥೆಯಲ್ಲಿ ಬಾಣವನ್ನು ಚಿತ್ರಿಸುತ್ತಿದ್ದುದು ಮೌಸಿನ ಡ್ರೈವರ್ ಎಂಬ ತಂತ್ರಾಂಶ. ಅದು ಬಾಣ ನಿಲ್ಲಬೇಕಾದ ಜಾಗದ ಚುಕ್ಕೆಗಳನ್ನು ಮೊದಲು ಎತ್ತಿ ಬದಿಗಿರಿಸಿ, ಅಲ್ಲಿ ಬಾಣವನ್ನು ಬರೆದು, ಬಾಣ ಮುಂದೆ ಸಾಗಿದಾಗ ಬದಿಗಿರಿಸಿದ್ದ ಚುಕ್ಕೆಗಳನ್ನು ಮತ್ತೆ ಸ್ವಸ್ಥಾನದಲ್ಲಿ ತುಂಬುತ್ತಿತ್ತು. ಈ ನಡುವೆ ಆಟವು ಅದೇ ಜಾಗದಲ್ಲಿ ಹೊಸ ಚಿತ್ರವನ್ನು ಬರೆದುಬಿಟ್ಟರೆ, ಡ್ರೈವರು ಅದನ್ನರಿಯದೆ ಹಳೆಯ ಚುಕ್ಕೆಗಳನ್ನೇ ತಂದು ಅಂಟಿಸುವುದರಿಂದ, ಬಾಣ ಹೋದ ಹಾದಿಯುದ್ದಕ್ಕೂ ಸಣ್ಣ ಸಣ್ಣ ಕಲೆಗಳು ಉಳಿದುಬಿಡುವುವು. ಆದಕಾರಣ ಚಿತ್ರ ಬರೆಯುವ ಮುನ್ನ ಬಾಣವನ್ನು ಅಡಗಿಸು, ಬರೆದಾದ ಮೇಲೆ ತೋರಿಸು ಎಂಬುದು ಆಟ ಬರೆಯುವವರ ನಿತ್ಯವ್ರತವಾಯಿತು.

ಈ ಅಡಗಿಸು-ತೋರಿಸುಗಳಿಗೂ ಒಂದು ಕಟ್ಟಳೆಯುಂಟು. ಡ್ರೈವರು ಒಂದು ಎಣಿಕೆಯನ್ನಿಟ್ಟುಕೊಂಡಿರುತ್ತಿತ್ತು. ಪ್ರತಿಯೊಂದು ಅಡಗಿಸುವಿಕೆಗೂ ಅದು ಒಂದು ಇಳಿಯುವುದು, ಪ್ರತಿಯೊಂದು ತೋರಿಸುವಿಕೆಗೂ ಒಂದು ಏರುವುದು. ಎರಡು ಸಲ ಅಡಗಿಸಿದವನು ಒಂದು ಸಲ ತೋರಿಸಿದರೆ ಬಾಣ ಕಾಣಿಸದು. ಒಂದರೊಳಗೊಂದು ಕರೆಯಲ್ಪಡುವ ಕಾರ್ಯಭಾಗಗಳು ಪರಸ್ಪರರ ಕೆಲಸವನ್ನು ಕೆಡಿಸದಿರಲೆಂದು ಮಾಡಿದ ಈ ಏರ್ಪಾಡು ವಿವೇಕದಿಂದ ಕೂಡಿದ್ದೇ ಸರಿ. ಆದರೂ ಒಂದೇ ಒಂದು ಕರೆ ತಪ್ಪಿದರೆ ಸಾಕು, ಬಾಣವು ಆಟದ ನಡುವೆ ಅಳಿಸಲಾಗದಂತೆ ನಿಲ್ಲುವುದು, ಇಲ್ಲವೆ ಬೇಕಾದಾಗ ಕಾಣಿಸದೆ ಹೋಗುವುದು. ವಿಂಡೋಸ್ ಇದೇ ಎಣಿಕೆಯ ಪದ್ಧತಿಯನ್ನು ಮುಂದುವರಿಸಿತು, ಇಂದಿಗೂ ಬಿಟ್ಟಿಲ್ಲ. ಮೆನು ತೆರೆದಾಗ ಬಂದ ಬಾಣವು ಮೆನು ಮುಚ್ಚಿದರೂ ಹೋಗದಿರುವ ದೋಷವನ್ನು ಶೋಧಿಸಹೊರಟವರು ಅನೇಕ ಸಲ ಈ ಲೆಕ್ಕದ ತಪ್ಪಿಗೇ ಬಂದು ಮುಟ್ಟುತ್ತಾರೆ.

೧೯೯೨ರ ವುಲ್ಫೆನ್‌ಸ್ಟೈನ್ ತ್ರೀಡಿ, ೧೯೯೩ರ ಡಿಸೆಂಬರಿನಲ್ಲಿ ಬಂದ ಡೂಮ್, ಇವುಗಳೊಡನೆ ಆಟದ ದೃಷ್ಟಿಯೇ ಬದಲಾಯಿತು. ಇಲ್ಲಿ ಆಟಗಾರನು ಪರದೆಯ ಮೇಲಿನ ವಸ್ತುವನ್ನು ಬೊಟ್ಟುಮಾಡಿ ತೋರಿಸಬೇಕಾಗಿಲ್ಲ, ತಾನೇ ಆ ಲೋಕದೊಳಗೆ ನಿಂತು ತಿರುಗಬೇಕು. ಅದಕ್ಕೆ ಬೇಕಾದುದು ಕೈ ಎಷ್ಟು ಸರಿಯಿತೆಂಬ ಚಲನೆಯೊಂದೇ. ಡಾಸ್ ಡ್ರೈವರು ಕೇಳಿದವರಿಗೆ ಅದನ್ನು ನೇರವಾಗಿ ಕೊಡುತ್ತಿತ್ತು. ಹಿಂದಿನ ಸಲ ಕೇಳಿದಂದಿನಿಂದ ಮೌಸು ಅಡ್ಡಕ್ಕೆಷ್ಟು, ಉದ್ದಕ್ಕೆಷ್ಟು ಸರಿಯಿತೆಂಬುದನ್ನು ಮಿಕ್ಕಿ ಎಂಬ ಮಾನದಲ್ಲಿ ಅದು ತಿಳಿಸುವುದು. ಬಾಣದ ಪ್ರಸ್ತಾಪವೇ ಅಲ್ಲಿಲ್ಲ. ಬಾಣವೇ ಇಲ್ಲದಿದ್ದುದರಿಂದ ಅದು ಓಡಿಹೋಗುವ ಪ್ರಶ್ನೆಯೂ ಇರಲಿಲ್ಲ. ಆ ಕಾಲದ ಈ ಸರಳತೆ ನನಗೆ ಬಹಳ ಇಷ್ಟವಾಗುತ್ತದೆ. ೧೯೯೬ರ ಕ್ವೇಕ್ ಆಟದಲ್ಲಿ ಮೌಸಿನಿಂದ ಮೇಲೆ ಕೆಳಗೆ ನೋಡುವ ಸೌಲಭ್ಯವು ಆಜ್ಞೆಯೊಂದನ್ನು ಟೈಪಿಸಿದವರಿಗೆ ಮಾತ್ರ ದೊರೆಯುತ್ತಿತ್ತು. ಮರುವರ್ಷ ಡೆನಿಸ್ ಫಾಂಗ್ ಎಂಬ ತರುಣ ಆಟಗಾರರು ಕ್ವೇಕ್ ಪಂದ್ಯದಲ್ಲಿ ಗೆದ್ದು, ಆಟದ ನಿರ್ಮಾಪಕರಲ್ಲೊಬ್ಬರಾದ ಜಾನ್ ಕಾರ್ಮ್ಯಾಕರ ಫೆರಾರಿ ಕಾರನ್ನು ಬಹುಮಾನವಾಗಿ ಪಡೆದರು. ಎಡಗೈ ಕೀಲಿಗಳ ಮೇಲೆ, ಬಲಗೈ ಮೌಸಿನ ಮೇಲೆ ಎಂಬ ಅವರ ಕ್ರಮವು ಬೇಗನೆ ಸರ್ವಸಮ್ಮತವಾಯಿತು.

ಆದರೆ ಅಷ್ಟರಲ್ಲಿ ಜನರು ಡಾಸನ್ನು ಬಿಟ್ಟು ವಿಂಡೋಸಿಗೆ ಬಂದಿದ್ದರು. ಅಲ್ಲಿ ಬಾಣವು ಒಂದು ಆಟದ ಸ್ವತ್ತಲ್ಲ, ಯಂತ್ರದಲ್ಲಿ ನಡೆಯುವ ಎಲ್ಲ ಕಾರ್ಯಕ್ರಮಗಳಿಗೂ ಸೇರಿದ ಸಾಮಾನ್ಯ ಸಂಪತ್ತು. ಕಾರ್ಯಕ್ರಮಗಳಿಗೆ ವಿಂಡೋಸ್ ಸುಲಭವಾಗಿ ಹೇಳುತ್ತಿದ್ದುದು ಬಾಣ ಎಲ್ಲಿದೆಯೆಂಬುದನ್ನು, ಕೈ ಎಷ್ಟು ಸರಿಯಿತೆಂಬುದನ್ನಲ್ಲ. ಬಾಣವು ಪರದೆಯ ಬಲದಂಚನ್ನು ತಲುಪಿದ ಮೇಲೆ ಕೈ ಇನ್ನೂ ಬಲಕ್ಕೆ ಸರಿದರೂ ಸಂಖ್ಯೆ ಬದಲಾಗದು. ಆಟದೊಳಗಣ ವೀರನು ಅರ್ಧ ತಿರುಗಿ ಅಲ್ಲಿಯೇ ಸ್ತಂಭಿತನಾಗಿ ನಿಲ್ಲುವನು. ಇದಕ್ಕೆ ಕಂಡುಕೊಂಡ ಉಪಾಯವನ್ನು, ೧೯೯೯ರ ಡಿಸೆಂಬರಿನಲ್ಲಿ ಸಾರ್ವಜನಿಕರಿಗೆ ಬಿಡುಗಡೆಯಾದ ಕ್ವೇಕಿನ ಮೂಲಸಂಕೇತದಲ್ಲಿ ಯಾರು ಬೇಕಾದರೂ ಓದಬಹುದು. ಬಾಣವನ್ನು ಅಡಗಿಸುವುದು, ಅದು ಕಿಟಕಿಯ ಚೌಕಟ್ಟನ್ನು ಮೀರದಂತೆ ಬೇಲಿ ಹಾಕುವುದು, ಕಿಟಕಿಯ ನಟ್ಟನಡುವೆ ಅದನ್ನಿರಿಸಿ, ಆಟದ ಪ್ರತಿಯೊಂದು ಚಿತ್ರಕ್ಕೂ ಮುನ್ನ ನಡುವಿನಿಂದ ಅದು ಎಷ್ಟು ದೂರ ಹೋಗಿದೆಯೆಂದು ಅಳೆದು, ಅಳೆದೊಡನೆಯೇ ಮತ್ತೆ ನಡುವಿಗೆ ಎಳೆದುತರುವುದು. ಗೂಟಕ್ಕೆ ಕಟ್ಟಿದ ಕರುವು ಹಗ್ಗವನ್ನು ಯಾವ ಕಡೆಗೆ ಎಷ್ಟು ಜಗ್ಗಿತೆಂಬುದನ್ನು ನೋಡಿ ಅದರ ಮನಸ್ಸನ್ನು ತಿಳಿಯುವಂತೆ, ಕಾಣದ ಬಾಣದ ಜಗ್ಗಾಟದಿಂದ ಕೈಯ ಚಲನೆಯನ್ನು ಊಹಿಸುವ ಮಾರ್ಗವಿದು. ಮೌಸು ಕೊಟ್ಟ ಚಲನೆಯನ್ನು ವ್ಯವಸ್ಥೆಯು ಸ್ಥಾನವಾಗಿ ಮಾರ್ಪಡಿಸುವುದು, ಆ ಸ್ಥಾನದಿಂದ ಆಟವು ಪುನಃ ಚಲನೆಯನ್ನು ಹೊರತೆಗೆಯುವುದು. ಇಂಥ ಬಳಸುದಾರಿಯಲ್ಲಿಯೇ ಬಾಣಕ್ಕೆ ತಪ್ಪಿಸಿಕೊಳ್ಳುವ ಸಂದುಗಳು ಉಂಟಾದುವು.

ಮೊದಲನೆಯದಾಗಿ, ಬೇಲಿಯು ಶಾಶ್ವತವಲ್ಲ. ಆಟಗಾರನು ಆಲ್ಟ್ ಮತ್ತು ಟ್ಯಾಬ್ ಕೀಲಿಗಳನ್ನೊತ್ತಿ ಬೇರೊಂದು ಕಿಟಕಿಗೆ ಹೋದರೆ ವಿಂಡೋಸ್ ಅದನ್ನು ಕಿತ್ತುಹಾಕುವುದು, ಮರಳಿ ಬಂದಾಗ ಆಟವು ನೆನಪಿಟ್ಟು ಅದನ್ನು ಮತ್ತೆ ನೆಡಬೇಕು. ಬೇಲಿಯನ್ನೇ ಹಾಕದೆ ನಡುವಿಗೆಳೆಯುವುದನ್ನು ಮಾತ್ರ ನಂಬಿದ ಆಟಗಳಲ್ಲಿ, ಯಂತ್ರ ಒಂದಿಷ್ಟು ತಡವರಿಸಿದಾಗ ಕೈ ರಭಸದಿಂದ ಬೀಸಿದರೆ, ಎರಡು ಚಿತ್ರಗಳ ನಡುವಣ ಅವಕಾಶದಲ್ಲಿ ಬಾಣವು ಅಂಚನ್ನು ದಾಟಿಬಿಡುವುದು. ಒಂದೇ ಪರದೆಯಿದ್ದಾಗ ಪರದೆಯ ಅಂಚೇ ಗೋಡೆಯಾಗಿ ತಡೆಯುತ್ತಿತ್ತು. ವಿಂಡೋಸ್ ೯೮ ಹಲವು ಪರದೆಗಳನ್ನು ಜೋಡಿಸಲು ಎಡೆಗೊಟ್ಟ ಮೇಲೆ ಆ ಗೋಡೆಯೂ ಬಿದ್ದಿತು. ೧೯೯೭ರ ಏಜ್ ಆಫ್ ಎಂಪೈರ್ಸ್, ೧೯೯೮ರ ಸ್ಟಾರ್‌ಕ್ರಾಫ್ಟ್ ಮುಂತಾದ ಯುದ್ಧತಂತ್ರದ ಆಟಗಳು ಇಂಥ ಗೋಡೆಯ ಮೇಲೆಯೇ ನಿಂತಿದ್ದುವು. ಬಾಣವನ್ನು ಅಂಚಿಗೊತ್ತಿದರೆ ಭೂಪಟ ಆ ಕಡೆಗೆ ಸರಿಯುವುದೆಂಬುದು ಅವುಗಳ ನಿಯಮ. ಅಂಥ ಆಟಗಳನ್ನು ಮುಂದೆ ಕಿಟಕಿಯೊಳಗೆ ಆಡಹೊರಟವರಿಗೆ, ಅಂಚಿಗೊತ್ತಿದ ಬಾಣವು ಆಚೆಗೆ ಜಾರಿಹೋಗಿ ಭೂಪಟ ನಿಂತುಬಿಡುತ್ತಿತ್ತು. ಬಾಣವನ್ನು ಕಿಟಕಿಯೊಳಗೆ ಕೂಡಿಹಾಕುವುದೊಂದೇ ಕೆಲಸವಾಗುಳ್ಳ ಪುಟ್ಟ ಪುಟ್ಟ ತಂತ್ರಾಂಶಗಳನ್ನು ಉತ್ಸಾಹಿಗಳು ಬರೆದು ಹಂಚಿದುದು ಈ ಅಗತ್ಯದಿಂದಲೇ. ಹಳೆಯ ಡಾಸ್ ಆಟಗಳನ್ನು ಹೊಸ ಯಂತ್ರಗಳಲ್ಲಿ ಬದುಕಿಸುವ ಡಾಸ್‌ಬಾಕ್ಸ್, ಕಂಟ್ರೋಲ್ ಮತ್ತು ಎಫ್-೧೦ ಕೀಲಿಗಳಿಂದ ಬಾಣವನ್ನು ಹಿಡಿಯುವ ಬಿಡುವ ಅಧಿಕಾರವನ್ನು ಆಟಗಾರನಿಗೇ ಕೊಟ್ಟಿತು.

ಕ್ವೇಕಿನ ಈ ವಂಶವಾಹಿನಿ ನಮ್ಮ ಊರುಗಳಿಗೂ ಹರಿದುಬಂದಿತು. ಕ್ವೇಕಿನ ಎಂಜಿನ್ನನ್ನು ಆಧರಿಸಿ ಹಾಫ್-ಲೈಫ್, ಅದರಿಂದ ಕೌಂಟರ್-ಸ್ಟ್ರೈಕ್ ಹುಟ್ಟಿದುವು. ಬೆಂಗಳೂರಿನ ಸೈಬರ್ ಕೆಫೆಗಳಲ್ಲಿ ಗಂಟೆಯ ಲೆಕ್ಕದಲ್ಲಿ ಹಣ ತೆತ್ತು ಕೌಂಟರ್-ಸ್ಟ್ರೈಕ್ ಆಡಿದ ತಲೆಮಾರಿನಲ್ಲಿ ಪಳಗಿದವರು, ಆಟವನ್ನು ಆರಂಭಿಸುವ ಆಜ್ಞೆಯ ಕೊನೆಗೆ ‘ನೋಫೋರ್ಸ್’ ಎಂದು ಮೊದಲಾಗುವ ಮೂರು ಉದ್ದನೆಯ ಪದಗಳನ್ನು ತಪ್ಪದೆ ಸೇರಿಸುತ್ತಿದ್ದರು. ಆ ಮೂರೂ ಕ್ವೇಕಿನಿಂದ ಬಂದ ಬಳುವಳಿ. ಮೌಸಿನ ವೇಗವನ್ನೂ ವೇಗವರ್ಧನೆಯನ್ನೂ ಕುರಿತು ವಿಂಡೋಸಿನಲ್ಲಿ ಆಟಗಾರನು ಇಟ್ಟುಕೊಂಡ ವ್ಯವಸ್ಥೆಯನ್ನು ಆಟವು ಬಲವಂತವಾಗಿ ಬದಲಿಸದಿರಲಿ ಎಂಬುದು ಅವುಗಳ ತಾತ್ಪರ್ಯ. ಬಾಣ ಎಲ್ಲರದಾದುದರಿಂದ, ಆಟ ತನಗಾಗಿ ಮಾಡಿಕೊಂಡ ಬದಲಾವಣೆಯು ಆಟದ ಹೊರಗೂ ತಟ್ಟುತ್ತಿದ್ದಿತು.

ನಿಜವಾದ ಪರಿಹಾರವೆಂದರೆ ಡಾಸಿನಲ್ಲಿದ್ದ ಹಳೆಯ ನೇರದಾರಿಯನ್ನು ಮತ್ತೆ ತೆರೆಯುವುದೇ ಆಗಿದ್ದಿತು. ಡೈರೆಕ್ಟ್‌ಇನ್‌ಪುಟ್ ಎಂಬುದು ಆ ದಿಕ್ಕಿನ ಮೊದಲ ಪ್ರಯತ್ನ. ೨೦೦೧ರ ವಿಂಡೋಸ್ ಎಕ್ಸ್‌ಪಿಯೊಡನೆ ಬಂದ ರಾ ಇನ್‌ಪುಟ್ ಎಂಬ ಏರ್ಪಾಡು ಮೌಸಿನ ಚಲನೆಯನ್ನು, ಬಾಣದ ಲೆಕ್ಕಕ್ಕೆ ಸೇರುವ ಮೊದಲೇ, ಇದ್ದುದನ್ನಿದ್ದಂತೆ ಆಟಕ್ಕೆ ತಲುಪಿಸಿತು. ಇಂದಿನ ಅನೇಕ ಆಟಗಳ ಸೆಟ್ಟಿಂಗುಗಳಲ್ಲಿ ಆ ಹೆಸರೇ ಕಾಣುವುದು. ಅದನ್ನು ಆನ್ ಮಾಡಿದರೆ ಗುರಿಯು ವಿಂಡೋಸಿನ ವೇಗವರ್ಧನೆಯಿಂದ ಬಿಡುಗಡೆ ಪಡೆಯುವುದು. ಆದರೂ ಬಾಣ ಆಚೆ ಹೋಗದಂತೆ ಬೇಲಿ ಹಾಕುವ ಹೊಣೆ ಆಟದ ಮೇಲೆಯೇ ಉಳಿಯಿತು. ೨೦೧೨ರಲ್ಲಿ ಕ್ರೋಮ್ ಮತ್ತು ಫೈರ್‌ಫಾಕ್ಸ್ ಬ್ರೌಸರುಗಳು ಪಾಯಿಂಟರ್ ಲಾಕ್ ಎಂಬ ಹೆಸರಿನಲ್ಲಿ ಈ ಎರಡನ್ನೂ ಒಂದುಗೂಡಿಸಿದುವು. ಬಾಣವು ಅಡಗುವುದು, ಇದ್ದಲ್ಲಿಯೇ ಇರುವುದು, ಚಲನೆ ಮಾತ್ರ ಆಟಕ್ಕೆ ಸಲ್ಲುವುದು. ಎಸ್ಕೇಪ್ ಕೀಲಿಯನ್ನೊತ್ತಿದ ಕೂಡಲೇ ಎಲ್ಲವೂ ಬಳಸುವವನ ಕೈಗೆ ಮರಳುವುದು. ಈ ಎಸ್ಕೇಪ್ ಕೀಲಿಯ ಹಕ್ಕನ್ನು ನಾನು ಬಹಳ ದೊಡ್ಡದಾಗಿ ಎಣಿಸುತ್ತೇನೆ. ಯಾವನ ಕೈಯೋ ಅವನದೇ ಬಾಣ. ಆಟಕ್ಕೆ ಅದನ್ನು ಸಾಲ ಕೊಡಬಹುದಲ್ಲದೆ, ಕೇಳಿದಾಗ ಹಿಂದಿರುಗಿಸದ ಹಾಗೆ ಕೊಟ್ಟುಬಿಡಲಾಗದು.

ಲಿನಕ್ಸ್ ಪ್ರಪಂಚದಲ್ಲಿ ಈ ತತ್ತ್ವವನ್ನು ಇನ್ನೂ ಕಟ್ಟುನಿಟ್ಟಾಗಿ ಪಾಲಿಸಲಾಯಿತು. ಹಳೆಯ ಎಕ್ಸ್ ವ್ಯವಸ್ಥೆಯಲ್ಲಿ ಯಾವ ಕಾರ್ಯಕ್ರಮವಾದರೂ ಬಾಣವನ್ನು ತನಗೆ ತೋಚಿದ ಜಾಗಕ್ಕೆ ಎತ್ತಿಡಬಹುದಾಗಿತ್ತು. ಅದರ ಸ್ಥಾನವನ್ನಾಕ್ರಮಿಸುತ್ತಿರುವ ವೇಲ್ಯಾಂಡ್ ಆ ಸ್ವಾತಂತ್ರ್ಯವನ್ನು ಕೊಡದೆ, ಬಾಣವನ್ನು ಬಂಧಿಸಿಡಬೇಕೆಂದು ಕೋರಲು ಒಂದು ವಿಧಿಯನ್ನೂ, ಬರಿಯ ಚಲನೆಯನ್ನು ಪಡೆಯಲು ಮತ್ತೊಂದು ವಿಧಿಯನ್ನೂ ಪ್ರತ್ಯೇಕವಾಗಿ ಏರ್ಪಡಿಸಿತು. ಹಾಗಾದರೆ ನಡುವಿಗೆಳೆಯುವ ಉಪಾಯವೊಂದನ್ನೇ ಬಲ್ಲ ನೂರಾರು ಹಳೆಯ ಆಟಗಳ ಗತಿಯೇನು? ಎಕ್ಸ್‌ವೇಲ್ಯಾಂಡ್ ಎಂಬ ಮಧ್ಯಸ್ಥ ತಂತ್ರಾಂಶವು ಅವುಗಳನ್ನು ಗಮನಿಸುತ್ತಿರುತ್ತದೆ. ಬಾಣವನ್ನು ಅಡಗಿಸಿದ ಆಟವೊಂದು ಅದನ್ನು ಬೇರೆಡೆಗೆ ಎತ್ತಿಡಲು ಹವಣಿಸಿದರೆ, ಇದರ ಅಭಿಪ್ರಾಯ ಚಲನೆಯನ್ನು ಪಡೆಯುವುದೇ ಎಂದು ಗ್ರಹಿಸಿ, ಆ ಹಳೆಯ ಬೇಡಿಕೆಯನ್ನು ಹೊಸ ಬಂಧನವಿಧಿಯಾಗಿ ಪರಿವರ್ತಿಸಿ ಮುಂದೆ ಕಳುಹಿಸುತ್ತದೆ; ಆಟಕ್ಕೆ ಇದರ ಸುಳಿವೂ ತಿಳಿಯದು. ಬಾಣವನ್ನು ಮೊದಲು ಅಡಗಿಸದೆ ಎತ್ತಿಡಹೊರಡುವ ಆಟದ ಇಂಗಿತವನ್ನು ಮಾತ್ರ ಅದು ಹೀಗೆ ಗ್ರಹಿಸಲಾರದು. ಅಂಥವುಗಳಲ್ಲಿ ಬಾಣವು ಈಗಲೂ ಅಂಚನ್ನು ದಾಟಿ ಹೋಗುವುದುಂಟು.