ಮುಪ್ಪಿನ ಹಣಕ್ಕೊಂದು ಬೇಲಿ

ಸಾಲವೆಂಬುದು ನಮ್ಮ ಹಿರಿಯರಿಗೆ ಕೇವಲ ಲೇವಾದೇವಿಯ ಮಾತಾಗಿರಲಿಲ್ಲ, ಅದು ಋಣವಾಗಿತ್ತು. ಮನುವು ಹದಿನೆಂಟು ವ್ಯವಹಾರಪದಗಳನ್ನು ಎಣಿಸುವಾಗ ಮೊದಲು ಹಿಡಿದದ್ದೇ ಋಣಾದಾನವನ್ನು. ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ನಮ್ಮ ಕಲ್ಯಾಣದಲ್ಲಿ, ವಿಜ್ಞಾನೇಶ್ವರನು ರಚಿಸಿದ ‘ಮಿತಾಕ್ಷರಾ’ ವ್ಯಾಖ್ಯಾನವೂ ತಂದೆಯ ಸಾಲವನ್ನು ಮಗನ ಹೆಗಲಿಗೇರಿಸುತ್ತದೆ. ಕುಡಿತ, ಜೂಜುಗಳಿಗಾಗಿ ಮಾಡಿದಂಥ ಸಾಲಕ್ಕೆ ಮಾತ್ರ ವಿನಾಯಿತಿ. ಮಗನ ಈ ಧಾರ್ಮಿಕ ಹೊಣೆಯನ್ನು ಮುಂದಿನ ಸಾಲಗಳ ಮಟ್ಟಿಗೆ ಕಾನೂನು ತೆಗೆದುಹಾಕಿದ್ದು 2005ರಷ್ಟು ಈಚೆಗೆ.

ಇಂಥ ನಾಡಿನಲ್ಲಿ, ಸಾಲ ಕೊಟ್ಟವನು ಮುಟ್ಟಬಾರದ ಹಣವೊಂದು ಹುಟ್ಟಿಕೊಂಡ ಬಗೆ ಕುತೂಹಲಕರವಾದುದು.

ಬ್ರಿಟಿಷರ ಆಳ್ವಿಕೆಯಲ್ಲಿ ಬಂದ 1871ರ ಪೆನ್ಷನ್ ಕಾಯಿದೆ, ಸರ್ಕಾರ ಕೊಡುವ ವಿಶ್ರಾಂತಿ ವೇತನವನ್ನು ಸಾಲದ ಬಾಬ್ತು ಯಾವ ನ್ಯಾಯಾಲಯವೂ ಜಪ್ತಿ ಮಾಡಕೂಡದೆಂದು ವಿಧಿಸಿತು. ಅಷ್ಟೇ ಅಲ್ಲ, ಇನ್ನೂ ಕೈಗೆ ಬಾರದ ಪೆನ್ಷನ್ನನ್ನು ಪೆನ್ಷನ್‌ದಾರನೇ ಯಾರಿಗಾದರೂ ಬರೆದುಕೊಟ್ಟರೆ ಆ ಬರಹಕ್ಕೆ ಬೆಲೆಯಿಲ್ಲವೆಂದೂ ಹೇಳಿತು. ರಾಜಕೀಯ ಕಾರಣದಿಂದ ಪೆನ್ಷನ್ ಪಡೆದ ಮನೆತನದವರೂ ದುಡಿದು ದಣಿದ ಜವಾನನೂ ಒಂದೇ ಬೇಲಿಯೊಳಗಾದರು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೆಯ ಕಲಮಿನಲ್ಲಿ ಜಪ್ತಿಗೆ ಸಿಗದ ವಸ್ತುಗಳ ಪಟ್ಟಿಯಿದೆ: ಉಡುವ ಬಟ್ಟೆ, ಅಡಿಗೆಯ ಪಾತ್ರೆ, ಹಾಸಿಗೆ, ಕಸುಬಿನವನ ಹತಾರ, ಬೇಸಾಯಗಾರನ ಎತ್ತು, ಬಿತ್ತನೆಯ ಕಾಳು. ಸರ್ಕಾರಿ ಪೆನ್ಷನ್ನೂ ಅದೇ ಪಟ್ಟಿಯಲ್ಲಿ ಕುಳಿತಿದೆ. ಬಿತ್ತನೆಯ ಕಾಳಿನ ನೆರೆಯಲ್ಲಿ ಅದಕ್ಕೆ ದೊರೆತ ಸ್ಥಾನ ಅರ್ಥವತ್ತಾದುದೆಂದು ನನಗೆ ತೋರುತ್ತದೆ.

ಅನಂತರ ಬೇಲಿ ಅಗಲವಾಯಿತು. 1925ರ ಪ್ರಾವಿಡೆಂಟ್ ಫಂಡ್ ಕಾಯಿದೆ, ಕಾರ್ಖಾನೆ ಮೊದಲಾದ ಕಡೆ ದುಡಿಯುವವರಿಗಾಗಿ 1952ರ ಕಾಯಿದೆ, 1972ರ ಗ್ರಾಚುಯಿಟಿ ಕಾಯಿದೆ, ಇವೆಲ್ಲವೂ ಅದೇ ರಕ್ಷಣೆಯನ್ನು ಕೊಟ್ಟವು.

ಗ್ರಾಚುಯಿಟಿ ಎಂಬ ಪದಕ್ಕೇ ಇನಾಮಿನ ವಾಸನೆಯಿದೆ. ಪೆನ್ಷನ್ನೂ ಬಹುಕಾಲ ದೊರೆಯ ಕೃಪೆಯೆಂದೇ ಎಣಿಕೆಯಾಗಿತ್ತು. 1982ರ ಡಿಸೆಂಬರ್ 17ರಂದು ಸರ್ವೋಚ್ಚ ನ್ಯಾಯಾಲಯ ನಕಾರಾ ಮೊಕದ್ದಮೆಯಲ್ಲಿ, ಅದು ಭಿಕ್ಷೆಯಲ್ಲ, ಹಕ್ಕು ಎಂದು ಸಾರಿತು. ದುಡಿದು ಗಳಿಸಿದ ಹಕ್ಕಾದರೆ ಬೇರೆ ಆಸ್ತಿಯಂತೆ ಅದೂ ಸಾಲಕ್ಕೆ ಸಲ್ಲಬೇಡವೇ ಎಂದು ಯಾರಾದರೂ ಕೇಳಬಹುದು. ಆದರೆ ಬೇಲಿ ಉಳಿಯಿತು. ದಾನದ ಮರ್ಯಾದೆಗಿಂತ ಮುಪ್ಪಿನ ಅನ್ನ ದೊಡ್ಡ ಕಾರಣವಾಯಿತು.

ಹಣ ಕೈಸೇರಿದ ಮೇಲೇನು? 1976ರಲ್ಲಿ ಚೀಟಿ ಸಂಸ್ಥೆಯೊಂದರ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯ, ನೌಕರನ ಕೈಗೆ ಬರುವವರೆಗೂ ಈ ಹಣಕ್ಕೆ ರಕ್ಷಣೆಯಿದೆ ಎಂದಿತ್ತು. 2008ರಲ್ಲಿ ಇನ್ನೊಂದು ಹೆಜ್ಜೆ ಮುಂದಿಟ್ಟು, ನಿವೃತ್ತಿಯ ಹಣವನ್ನು ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇಟ್ಟಮಾತ್ರಕ್ಕೆ ಅದರ ಗುಣ ಕೆಡದು ಎಂದು ತೀರ್ಪಿತ್ತಿತು.

ಇಷ್ಟಾದರೂ ಬೇಲಿಯ ಬಾಗಿಲ ಚಿಲಕ ಒಳಗಿರುವವನ ಕೈಯಲ್ಲಿಯೇ ಇದೆ. ನಾನು ಬಲ್ಲ ಗುಮಾಸ್ತರೊಬ್ಬರು ಸ್ನೇಹಿತನ ಸಾಲಕ್ಕೆ ಜಾಮೀನು ನಿಂತಿದ್ದರು. ಸ್ನೇಹಿತ ಊರು ಬಿಟ್ಟ. ಕಾನೂನು ನಿಮ್ಮ ಕಡೆಗಿದೆ ಎಂದು ವಕೀಲರು ಹೇಳಿದರೂ ಇವರು ಗ್ರಾಚುಯಿಟಿಯ ಹಣವನ್ನೆಲ್ಲ ಎಣಿಸಿಕೊಟ್ಟು ಬಂದರು. “ಅಲ್ಲ ಮೇಷ್ಟ್ರೇ, ನಾಳೆ ಬೀದಿಯಲ್ಲಿ ಅವರ ಮುಖ ನೋಡಬೇಡವೇ?” ಎಂದರು. ಸಾಲ ಕೊಟ್ಟವರೂ ಶ್ರೀಮಂತರೇನಲ್ಲ. ಮಗಳ ಮದುವೆಗೆಂದು ಕೂಡಿಟ್ಟ ಹಣವನ್ನೇ ಕೊಟ್ಟಿದ್ದವರು.

ಅವರ ನಡತೆಯನ್ನು ನಾನು ಹಳಿಯಲಾರೆ. ಆದರೆ ಮನಸ್ಸೊಪ್ಪಿ ಕೊಡುವುದು ಬೇರೆ, ಜಪ್ತಿಯ ಬೆದರಿಕೆಗೆ ಅಂಜಿ ಕೊಡುವುದು ಬೇರೆ. ಆ ಭೇದ ತಿಳಿಯಬೇಕಾದರೆ, ತನ್ನ ಸುತ್ತ ನೂರೈವತ್ತು ವರ್ಷಗಳಿಂದ ಒಂದು ಬೇಲಿಯಿದೆಯೆಂಬುದನ್ನು ನಿವೃತ್ತನಾಗುವ ಪ್ರತಿಯೊಬ್ಬನೂ ಮೊದಲು ಅರಿತಿರಬೇಕು.