ಮನೆ, ಮಾಸಾಶನ ಮತ್ತು ಮೂವತ್ತೆರಡು ಸಾವಿರ

ಉದ್ಯೋಗ ಖಾತ್ರಿ ಕೆಲಸಕ್ಕೆ 2025–26ನೇ ಸಾಲಿನಲ್ಲಿ ಕರ್ನಾಟಕಕ್ಕೆ ಗೊತ್ತುಮಾಡಿದ ದಿನಗೂಲಿ 370 ರೂಪಾಯಿ. ಒಂದು ಕುಟುಂಬ ನೂರು ದಿನವೂ ದುಡಿದರೆ 37,000 ರೂಪಾಯಿ ಆಗುತ್ತದೆ. ವೃದ್ಧರಿಗೆ ಕೊಡುವ ಸಂಧ್ಯಾ ಸುರಕ್ಷಾ ಮಾಸಾಶನ ಬೇಕೆಂದರೆ ವರ್ಷದ ಆದಾಯ 32,000 ರೂಪಾಯಿ ಮೀರಬಾರದು. ಸರ್ಕಾರ ಕೊಟ್ಟ ಕೆಲಸವನ್ನು ಸರ್ಕಾರ ಹೇಳಿದಷ್ಟು ದಿನ ಮಾಡಿ ಮುಗಿಸಿದ ಕೂಲಿಯವರು, ಅದೇ ಸರ್ಕಾರದ ಇನ್ನೊಂದು ಲೆಕ್ಕದಲ್ಲಿ ನೆರವಿಗೆ ತಕ್ಕವರಲ್ಲ ಎಂದಾಗುತ್ತದೆ. 2018–19ರಲ್ಲಿ ಕೂಲಿ 249 ರೂಪಾಯಿ ಇದ್ದಾಗ ನೂರು ದಿನದ ದುಡಿಮೆ 24,900 ಆಗುತ್ತಿತ್ತು, ಮಿತಿಯೊಳಗೇ ಇರುತ್ತಿತ್ತು. ಕೂಲಿ ಏರಿತು, ಮಿತಿ ಏರಲಿಲ್ಲ. ಕೂಲಿಯ ಅಂಕಿ ಗ್ರಾಮ ಪಂಚಾಯಿತಿಯಲ್ಲಿರುತ್ತದೆ, ಆದಾಯದ ಅಂಕಿ ನಾಡಕಚೇರಿಯಲ್ಲಿ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡುವ ಮೇಜು ಎಲ್ಲೂ ಇಲ್ಲ.

ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು ತಾಲ್ಲೂಕುಗಳ ಹಳ್ಳಿಗಳಲ್ಲಿ ಕಳೆದ ಐವತ್ತು ವರ್ಷಗಳಲ್ಲಿ ಸರ್ಕಾರದ ನೆರವು ಹೇಗೆ ಬೆಳೆಯಿತು ಎಂದು ನೋಡುತ್ತ ಹೋದರೆ, ಯೋಜನೆಗಳ ಹೆಸರಿಗಿಂತ ಹೆಚ್ಚಾಗಿ ಎದುರಾಗುವುದು ಇಂಥ ಅಂದಾಜುಗಳು. ಆದಾಯ ಎಷ್ಟು, ವಯಸ್ಸು ಎಷ್ಟು, ಜಮೀನು ಎಷ್ಟು, ಗೋಡೆ ಎಷ್ಟು ಬಿದ್ದಿದೆ ಎಂಬುದನ್ನು ಯಾರೋ ಒಬ್ಬರು ಅಂದಾಜು ಮಾಡುತ್ತಾರೆ. ಅರ್ಜಿ ಹಾಕಿದವರಿಗೆ ಆ ಅಂದಾಜಿನ ಆಧಾರ ಗೊತ್ತಿರುವುದಿಲ್ಲ. ನೆರವಿನ ಮೊತ್ತ ಸಾಲದು ಎಂಬುದು ಒಂದು ಮಾತು. ಲೆಕ್ಕ ಹಾಕುವ ಅಧಿಕಾರ ಇಂದಿಗೂ ಕೇಳುವವರ ಕೈಗೆ ಬಂದಿಲ್ಲ ಎಂಬುದು ಅದಕ್ಕಿಂತ ದೊಡ್ಡ ಮಾತು.

ಈ ನಾಲ್ಕೂ ತಾಲ್ಲೂಕು ಒಂದೇ ಜಿಲ್ಲೆಯಲ್ಲಿ ಹುಟ್ಟಿದವಲ್ಲ. 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆಯಾದಾಗ ಚನ್ನಗಿರಿ ಮತ್ತು ಹೊನ್ನಾಳಿ ಶಿವಮೊಗ್ಗದಿಂದ ಬಂದವು, ಜಗಳೂರು ಚಿತ್ರದುರ್ಗದಿಂದ. ಆಗ ಮುಖ್ಯಮಂತ್ರಿಯಾಗಿದ್ದ ಜೆ.ಎಚ್. ಪಟೇಲರ ಊರು ಚನ್ನಗಿರಿ ತಾಲ್ಲೂಕಿನ ಕಾರಿಗನೂರು. ನ್ಯಾಮತಿ 2018ರಲ್ಲಿ ಹೊನ್ನಾಳಿಯಿಂದ ಬೇರೆಯಾಗಿ ತಾಲ್ಲೂಕಾಯಿತು. ಜಿಲ್ಲೆ ಒಂದಾದರೂ ನೆಲ ಒಂದಾಗಲಿಲ್ಲ. ಚನ್ನಗಿರಿಯದು ಸೂಳೆಕೆರೆ ಮತ್ತು ಭದ್ರಾ ನಾಲೆಯ ನೀರು, ಅಡಿಕೆ ತೋಟ. ಜಗಳೂರಿನದು ಮಳೆ ನಂಬಿದ ಮೆಕ್ಕೆಜೋಳ, ರಾಗಿ, ಶೇಂಗಾ.

ನೆಲದ ಈ ವ್ಯತ್ಯಾಸ ಪಡಿತರ ಚೀಟಿಯ ನಿಯಮದೊಳಗೆ ಬಂದಾಗ ತೊಡಕಾಗುತ್ತದೆ. ಬಿಪಿಎಲ್ ಕಾರ್ಡಿಗೆ ಗ್ರಾಮೀಣ ಭಾಗದಲ್ಲಿ 3 ಹೆಕ್ಟೇರ್, ಅಂದರೆ ಸುಮಾರು ಏಳೂವರೆ ಎಕರೆಗಿಂತ ಹೆಚ್ಚು ಖುಷ್ಕಿ ಜಮೀನು ಅಥವಾ ಅದಕ್ಕೆ ಸಮನಾದ ನೀರಾವರಿ ಜಮೀನು ಇರಬಾರದು. ಬಿಳಿಚೋಡು ಕಡೆಯ ಎಂಟು ಎಕರೆ ಮಳೆ ಕೈಕೊಟ್ಟ ವರ್ಷ ಬಿತ್ತಿದ ಬೀಜವನ್ನೂ ವಾಪಸು ಕೊಡದೆ ಹೋಗಬಹುದು. ಸಂತೇಬೆನ್ನೂರು ಕಡೆಯ ಎರಡು ಎಕರೆ ಅಡಿಕೆ ತೋಟ ಒಂದು ಮನೆಯನ್ನು ಎತ್ತಿ ನಿಲ್ಲಿಸಬಲ್ಲದು. ‘ಸಮನಾದ’ ಎಂಬುದನ್ನು ಎಕರೆಯಲ್ಲಿ ಅಳೆಯುವವರೆಗೆ ಜಗಳೂರಿನ ರೈತನಿಗೆ ನ್ಯಾಯ ಸಿಗುವುದು ಕಷ್ಟ. ಆ ಅಡಿಕೆ ತೋಟದಲ್ಲಿ ಕೊನೆ ಹೊತ್ತು, ಸುಲಿದು, ಬೇಯಿಸುವ ಕೂಲಿಯವರ ಪಾಡು ಬೇರೆಯೇ. ಅವರಿಗೆ ಎಕರೆಯೂ ಇಲ್ಲ, ನಿಂತ ಮನೆಯ ಕೆಳಗಿನ ನೆಲಕ್ಕೆ ಎಷ್ಟೋ ಸಲ ಕಾಗದವೂ ಇಲ್ಲ.

ನೆರವಿನಲ್ಲಿ ಮೊದಲು ಬಂದದ್ದು ನಿವೇಶನ. ದೇವರಾಜ ಅರಸರ ಕಾಲದಲ್ಲಿ, ಎಪ್ಪತ್ತರ ದಶಕದಲ್ಲಿ, ಬಡವರಿಗೆ ನಿವೇಶನ ಹಂಚಿ ಜನತಾ ಮನೆ ಕಟ್ಟಿಸುವ ಕೆಲಸ ದೊಡ್ಡದಾಗಿ ಶುರುವಾಯಿತು. ಶಾನುಭೋಗಿಕೆ ರದ್ದಾಗಿ ಗ್ರಾಮಲೆಕ್ಕಿಗರು ಬಂದು ಆಗಲೇ ಒಂದು ದಶಕವಾಗಿತ್ತು. ಆದರೂ ಊರಲ್ಲಿ ಯಾರು ಬಡವ ಎಂದು ಹೇಳುವ ಬಾಯಿ ಊರ ದೊಡ್ಡವರದೇ ಆಗಿತ್ತು. 1987ರಲ್ಲಿ ಆಗಿನ ಗ್ರಾಮೀಣಾಭಿವೃದ್ಧಿ ಸಚಿವ ಅಬ್ದುಲ್ ನಜೀರ್ ಸಾಬ್ ಅವರ ಹಟದಿಂದ ಮಂಡಲ ಪಂಚಾಯಿತಿಗಳು ಬಂದವು. 1993ರ ಪಂಚಾಯತ್ ರಾಜ್ ಕಾಯ್ದೆ ಫಲಾನುಭವಿಗಳ ಆಯ್ಕೆಯನ್ನು ಗ್ರಾಮಸಭೆಯ ಮುಂದೆ ತಂದಿತು. ಕಾಯ್ದೆಯ ಈ ಒಂದು ಸಾಲು ನನ್ನ ಮಟ್ಟಿಗೆ ಇಡೀ ಚರಿತ್ರೆಯ ತಿರುವು. ಯಾರಿಗೆ ಮನೆ ಎಂಬುದನ್ನು ಬಯಲಲ್ಲಿ, ಎಲ್ಲರ ಎದುರು ಹೇಳಬೇಕೆಂದು ಬರೆದದ್ದು ಅಲ್ಲಿ.

1991–92ರಲ್ಲಿ ಆಶ್ರಯ ಯೋಜನೆ ಬಂತು. ಆಮೇಲೆ ಎಷ್ಟೇ ಹೆಸರು ಬದಲಾದರೂ ನಮ್ಮ ಕಡೆ ಸರ್ಕಾರಿ ಮನೆಗೆ ಇವತ್ತಿಗೂ ‘ಆಶ್ರಯ ಮನೆ’ ಅನ್ನುತ್ತಾರೆ. 2000ದಲ್ಲಿ ರಾಜೀವ್ ಗಾಂಧಿ ಗ್ರಾಮೀಣ ವಸತಿ ನಿಗಮ ಹುಟ್ಟಿತು. ಬಸವ ವಸತಿ, ಪರಿಶಿಷ್ಟರಿಗೆ ಅಂಬೇಡ್ಕರ್ ನಿವಾಸ, ವಿಶೇಷ ವರ್ಗದವರಿಗೆ ದೇವರಾಜ ಅರಸು ವಸತಿ ಯೋಜನೆಗಳೆಲ್ಲ ಅದರ ಮೂಲಕ ನಡೆದವು. ಕೇಂದ್ರದ ಇಂದಿರಾ ಆವಾಸ್ 1985ರಲ್ಲಿ ಶುರುವಾಗಿ 1996ರಿಂದ ಸ್ವತಂತ್ರ ಯೋಜನೆಯಾಯಿತು. ಅದರ ಬಯಲುಸೀಮೆಯ ಮೊತ್ತ 2008ರಲ್ಲಿ 35,000, 2010ರಲ್ಲಿ 45,000, 2013ರಲ್ಲಿ 70,000 ರೂಪಾಯಿ. 2016ರಲ್ಲಿ ಪ್ರಧಾನಮಂತ್ರಿ ಆವಾಸ್ ಎಂದಾದಾಗ 1,20,000. ಅಲ್ಲಿಂದ ಆ ಅಂಕಿ ಕದಲಿಲ್ಲ. ಜೊತೆಗೆ ಮನೆ ಕಟ್ಟುವ ಕೆಲಸಕ್ಕೆ 90 ದಿನದ ಖಾತ್ರಿ ಕೂಲಿ ಸಿಗುತ್ತದೆ. 370ರಂತೆ ಅದು 33,300. ಶೌಚಾಲಯಕ್ಕೆ 12,000. ಒಟ್ಟು 1,65,300 ರೂಪಾಯಿ, ಅಡುಗೆಮನೆ ಸೇರಿ ಕನಿಷ್ಠ 25 ಚದರ ಮೀಟರ್ ಮನೆಗೆ. ಸಿಮೆಂಟು, ಕಬ್ಬಿಣ, ಎಂ-ಸ್ಯಾಂಡ್ ತಂದು ಗಾರೆಯವರಿಗೆ ಕೂಲಿ ಕೊಟ್ಟವರು ಈ ಮೊತ್ತದಲ್ಲಿ ಆರ್‌ಸಿಸಿ ಆದೀತೇ ಎಂದು ಕೇಳಿಯೇ ಕೇಳುತ್ತಾರೆ. ಆಗದಿದ್ದಾಗ ಸ್ವಸಹಾಯ ಸಂಘದ ಸಾಲ, ಕಿವಿಯ ಓಲೆ.

ರಾಜ್ಯದ ಯೋಜನೆಗಳಲ್ಲಿ ಇನ್ನೊಂದು ಕಷ್ಟವಿದೆ. ತಳಪಾಯ, ಲಿಂಟಲ್, ಛಾವಣಿ, ಪೂರ್ಣ ಎಂದು ಹಂತಗಳು. ಒಂದೊಂದು ಹಂತ ಮುಗಿದ ಮೇಲೆ ಜಿಪಿಎಸ್ ಫೋಟೊ ತೆಗೆದು ಏರಿಸಿದರೆ ಮಾತ್ರ ಬಿಲ್. ಅಂದರೆ ಮೊದಲ ರೂಪಾಯಿ ಬರುವ ಮೊದಲು ತಳಪಾಯದ ದುಡ್ಡು ಬಡವರ ಕೈಯಲ್ಲೇ ಇರಬೇಕು. ಫೋಟೊ ಬಂದ ಮೇಲೆ ಇಲ್ಲದ ಮನೆಗೆ ಬಿಲ್ ಮಾಡುವ ಹಳೆಯ ಮೋಸ ತಗ್ಗಿತು, ಅದನ್ನು ಒಪ್ಪಬೇಕು. ಆದರೆ 2019–20ರ ಸುಮಾರಿಗೆ ಅಕ್ರಮದ ದೂರಿನ ಮೇಲೆ ಮರುಪರಿಶೀಲನೆ ಎಂದು ರಾಜ್ಯದಾದ್ಯಂತ ಕಂತುಗಳು ನಿಂತಾಗ, ನಿಯಮದಂತೆ ಕಟ್ಟುತ್ತಿದ್ದವರ ಗೋಡೆಗಳೂ ಲಿಂಟಲ್ ಮಟ್ಟದಲ್ಲಿ ಮಳೆಗೆ ನೆನೆದವು.

ಮನೆಗಿಂತ ಮೊದಲು ಬೇಕಾದದ್ದು ಹಕ್ಕುಪತ್ರ. ನ್ಯಾಮತಿ ತಾಲ್ಲೂಕಿನ ಸೂರಗೊಂಡನಕೊಪ್ಪ ಸಂತ ಸೇವಾಲಾಲರ ಜನ್ಮಸ್ಥಳ, ಬಂಜಾರರ ದೊಡ್ಡ ಯಾತ್ರಾಸ್ಥಳ. ಸುತ್ತಲಿನ ತಾಂಡಾಗಳಂತೆಯೇ ಜಗಳೂರು ಸೀಮೆಯ ಗೊಲ್ಲರಹಟ್ಟಿಗಳು, ನಾಯಕರ ಹಟ್ಟಿಗಳು ಎಷ್ಟೋ ತಲೆಮಾರಿನಿಂದ ಇವೆ. ಆದರೂ ಇಂಥ ಜನವಸತಿಗಳಲ್ಲಿ ಅನೇಕವು ಕಂದಾಯ ದಾಖಲೆಯಲ್ಲಿ ಊರುಗಳಾಗಿರಲಿಲ್ಲ. ಗೋಮಾಳದಲ್ಲೋ ಯಾರದೋ ಸರ್ವೆ ನಂಬರಿನಲ್ಲೋ ಇರುವ ಮನೆಗೆ ಈ-ಸ್ವತ್ತಿನ ಫಾರಂ 9 ಮತ್ತು 11 ಸಿಗದು. ಅದಿಲ್ಲದೆ ವಸತಿ ಯೋಜನೆಯ ಅರ್ಜಿ ಮುಂದೆ ಹೋಗದು. ಸರ್ಕಾರಿ ಜಾಗದ ಮನೆಗಳನ್ನು ಸಕ್ರಮ ಮಾಡಲು ಭೂಕಂದಾಯ ಕಾಯ್ದೆಯ 94ಸಿ ಬಂದಿತ್ತು. ಕಾಗೋಡು ತಿಮ್ಮಪ್ಪನವರು ಕಂದಾಯ ಸಚಿವರಾಗಿದ್ದಾಗ ಖಾಸಗಿ ಜಮೀನಿನಲ್ಲಿರುವ ದಾಖಲೆರಹಿತ ಜನವಸತಿಗಳಿಗೂ ದಾರಿ ತೆರೆಯಿತು. ಭೂಸುಧಾರಣಾ ಕಾಯ್ದೆಯ 38ಎ, ಭೂಕಂದಾಯ ಕಾಯ್ದೆಯ 94ಡಿ ‘ವಾಸಿಸುವವನೇ ಮನೆಯ ಒಡೆಯ’ ಎಂಬ ಮಾತಿಗೆ ಕಾನೂನಿನ ಬಲ ಕೊಟ್ಟವು. ತಾಂಡಾ, ಹಟ್ಟಿಗಳು ಕಂದಾಯ ಗ್ರಾಮಗಳಾಗತೊಡಗಿದವು. 2025ರ ಮೇ 20ರಂದು ಹೊಸಪೇಟೆಯ ಸಮಾವೇಶದಲ್ಲಿ ರಾಜ್ಯದ 1,11,111 ಕುಟುಂಬಗಳಿಗೆ ಹಕ್ಕುಪತ್ರ ಎಂದು ಸರ್ಕಾರ ಘೋಷಿಸಿತು. ಉಳಿದ ಎಲ್ಲ ಯೋಜನೆಗಳಿಗಿಂತ ಇದರ ಬೆಲೆ ಹೆಚ್ಚು ಎಂದೇ ನನ್ನ ಎಣಿಕೆ. ಹಕ್ಕುಪತ್ರ ಇದ್ದವರು ಮನೆಯನ್ನು ಈ ವರ್ಷವಲ್ಲದಿದ್ದರೆ ಮುಂದಿನ ವರ್ಷ ಕೇಳಬಹುದು. ಇಲ್ಲದವರ ಅರ್ಜಿ ಹುಟ್ಟುವುದೇ ಇಲ್ಲ.

ಇನ್ನು ಬಿದ್ದ ಮನೆಯ ಲೆಕ್ಕ. ಹೊನ್ನಾಳಿಯಲ್ಲಿ ತುಂಗಭದ್ರೆ ಏರಿದಾಗಲೆಲ್ಲ ಬಾಲರಾಜ ಘಾಟಿನ ಮನೆಗಳಿಗೆ ನೀರು. ಜಗಳೂರಿನ ಮಣ್ಣಿನ ಮಾಳಿಗೆಗಳಿಗೆ ಹೊಳೆ ಬೇಡ, ಮೂರು ದಿನ ಹಿಡಿದ ಜಡಿಮಳೆ ಸಾಕು. 2019ರ ನೆರೆಯ ನಂತರ ರಾಜ್ಯ ಸರ್ಕಾರ ಮನೆಹಾನಿಯನ್ನು ಮೂರು ದರ್ಜೆ ಮಾಡಿತು. ಆಗ ಶೇ 75ಕ್ಕಿಂತ ಹೆಚ್ಚು ಹಾನಿಯಾದರೆ ‘ಎ’, ಪರಿಹಾರ 5 ಲಕ್ಷ. ಶೇ 25ರಿಂದ 75ರವರೆಗೆ ‘ಬಿ’, ಕೆಡವಿ ಕಟ್ಟಿದರೆ 5 ಲಕ್ಷ, ದುರಸ್ತಿಗಾದರೆ 3 ಲಕ್ಷ. ಶೇ 15ರಿಂದ 25 ‘ಸಿ’, 50,000. ಶೇ 24 ಎಂದು ಬರೆದರೂ ಶೇ 26 ಎಂದು ಬರೆದರೂ ಕಣ್ಣಿಗೆ ಕಾಣುವ ಗೋಡೆ ಒಂದೇ, ಪರಿಹಾರದಲ್ಲಿ ಮಾತ್ರ ಲಕ್ಷಗಳ ಅಂತರ. ಆ ಶೇಕಡಾವಾರನ್ನು ಗ್ರಾಮ ಆಡಳಿತ ಅಧಿಕಾರಿ, ಪಿಡಿಒ, ಎಂಜಿನಿಯರ್ ಬಂದು ನೋಡಿ ಬರೆಯುತ್ತಾರೆ. ಮಣ್ಣಿನ ಗೋಡೆಯ ಗುಣ ಗೊತ್ತಿದ್ದವರಿಗೆ ಇಲ್ಲಿನ ತೊಂದರೆ ಥಟ್ಟನೆ ಹೊಳೆಯುತ್ತದೆ. ನೆನೆದ ಗೋಡೆ ಮಳೆಯಲ್ಲೇ ಬೀಳಬೇಕೆಂದಿಲ್ಲ. ಮಳೆ ನಿಂತು ಬಿಸಿಲು ಬಿದ್ದ ಮೇಲೆ ಬಿರಿದು ಕುಸಿಯುತ್ತದೆ. ಸಮೀಕ್ಷೆಯ ದಿನ ‘ಸಿ’ ಆಗಿದ್ದ ಮನೆ ಹದಿನೈದು ದಿನದಲ್ಲಿ ‘ಎ’ ಆಗಬಹುದು. ಎರಡನೇ ಸಲ ಬಂದು ನೋಡುವುದು ಹಕ್ಕಾಗಬೇಕಿತ್ತು. ಕೇಂದ್ರದ ವಿಪತ್ತು ನಿಧಿಯ ಮಾನದಂಡವಂತೂ ಇನ್ನೂ ಬಿಗಿ: ಪೂರ್ತಿ ಬಿದ್ದ ಮನೆಗೆ ಬಯಲುಸೀಮೆಯಲ್ಲಿ 1,20,000, ಭಾಗಶಃ ಬಿದ್ದ ಕಚ್ಚಾ ಮನೆಗೆ 4,000 ರೂಪಾಯಿ. ಸಾಮಾನು ಹಾಳಾದ ಬಗ್ಗೆ, ನೀರು ನುಗ್ಗಿದ ಬಗ್ಗೆ ಬೇರೆ ಮೊತ್ತವಿದೆ, ಅದನ್ನೂ ಬಿಡದೆ ಕೇಳಬೇಕು.

ಮಾಸಾಶನದ ಕಥೆಯಲ್ಲಿ ಅಂದಾಜಾಗುವುದು ವಯಸ್ಸು. 1995ರ ಆಗಸ್ಟ್ 15ರಂದು ರಾಷ್ಟ್ರೀಯ ಸಾಮಾಜಿಕ ನೆರವು ಕಾರ್ಯಕ್ರಮ ಶುರುವಾದಾಗ ಕೇಂದ್ರದ ಪಾಲು ತಿಂಗಳಿಗೆ 75 ರೂಪಾಯಿ. 2007ರಲ್ಲಿ ಕರ್ನಾಟಕ 65 ದಾಟಿದವರಿಗೆ ಸಂಧ್ಯಾ ಸುರಕ್ಷಾ ತಂದಿತು. 2011ರಲ್ಲಿ ಕೇಂದ್ರದ ವೃದ್ಧಾಪ್ಯ ವೇತನದ ವಯಸ್ಸು 65ರಿಂದ 60ಕ್ಕೆ ಇಳಿಯಿತು. ಈಗ ರಾಜ್ಯದಲ್ಲಿ 60ರಿಂದ 64ರವರಿಗೆ 800, 65 ದಾಟಿದವರಿಗೆ 1,200 ರೂಪಾಯಿ. ಇದರಲ್ಲಿ 80ರೊಳಗಿನವರಿಗೆ ಕೇಂದ್ರ ಕೊಡುವುದು 200 ಮಾತ್ರ. ಆ ಇನ್ನೂರು ಸುಮಾರು ಎರಡು ದಶಕದಿಂದ ಇನ್ನೂರಾಗಿಯೇ ಇದೆ. ದಶಕಗಳ ಕಾಲ ಅಂಚೆಯಣ್ಣ ಮನಿಯಾರ್ಡರ್ ತರುತ್ತಿದ್ದ, ಈಗ ಆಧಾರ್ ಜೋಡಿಸಿದ ಖಾತೆಗೆ ಬರುತ್ತದೆ. ಮೊದಲೆಲ್ಲ ವಯಸ್ಸಿಗೆ ಸರ್ಕಾರಿ ವೈದ್ಯರ ದೃಢೀಕರಣ ಬೇಕಿತ್ತು. ಈಗ ಆಧಾರ್ ಕಾರ್ಡಿನಲ್ಲಿದ್ದದ್ದೇ ವಯಸ್ಸು. ಹುಟ್ಟಿದ ದಿನ ಬರೆದಿಡದ ತಲೆಮಾರಿಗೆ ನೋಂದಣಿ ಶಿಬಿರದಲ್ಲಿ ಕೂತವರು ಒಂದು ವರ್ಷ ಊಹಿಸಿ ಜನವರಿ 1 ಎಂದು ಬರೆದರು. ಆ ಊಹೆಯಲ್ಲಿ ವಯಸ್ಸು ಐದು ವರ್ಷ ಕಡಿಮೆಯಾಗಿದ್ದರೆ ಒಬ್ಬ ಅಜ್ಜಿ ಐದು ವರ್ಷದ ಮಾಸಾಶನ ಕಳೆದುಕೊಳ್ಳುತ್ತಾಳೆ. ಮೆಟ್ಟುಗತ್ತಿಯ ಮುಂದೆ ಕೂತು ಅಡಿಕೆ ಸುಲಿದು ಬೆರಳ ಗೆರೆ ಸವೆದವರಿಗೆ ಹೆಬ್ಬೆಟ್ಟು ಒತ್ತುವುದೂ ಒಂದು ಪರೀಕ್ಷೆ.

ಕೇಳುವ ದಾರಿ ಹತ್ತಿರವಾದದ್ದರಲ್ಲಿ ಈ ಜಿಲ್ಲೆಗೆ ಪಾಲಿದೆ. 2012ರ ಏಪ್ರಿಲ್‌ನಲ್ಲಿ ಸಕಾಲ ಬಂದು ಅರ್ಜಿಗೆ ಕಾಲಮಿತಿ ಹಾಕಿತು. ಗ್ರಾಮ ಒನ್ ಕೇಂದ್ರಗಳನ್ನು 2022ರ ಜನವರಿಯಲ್ಲಿ ಬೇರೆ ಜಿಲ್ಲೆಗಳಿಗೆ ಹರಡುವ ಮೊದಲು ಪ್ರಯೋಗ ಮಾಡಿ ನೋಡಿದ್ದು ದಾವಣಗೆರೆಯಲ್ಲಿ. 2021ರ ಅಕ್ಟೋಬರ್‌ನಲ್ಲಿ ‘ಜಿಲ್ಲಾಧಿಕಾರಿಗಳ ನಡೆ ಹಳ್ಳಿ ಕಡೆ’ ಕಾರ್ಯಕ್ರಮಕ್ಕೆ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿ ಬಂದದ್ದು ನ್ಯಾಮತಿ ತಾಲ್ಲೂಕಿನ ಸುರಹೊನ್ನೆಗೆ. ಅದೇ ಕಾರ್ಯಕ್ರಮಕ್ಕೆ ಬಂದ ಆಗಿನ ಕಂದಾಯ ಸಚಿವ ಆರ್. ಅಶೋಕ ಅವರ ವಾಸ್ತವ್ಯ ಹೊನ್ನಾಳಿ ತಾಲ್ಲೂಕಿನ ಕುಂದೂರಿನಲ್ಲಿ. ಪಡಿತರ ಚೀಟಿಯ ಮಾಹಿತಿಯಿಂದ 60 ತುಂಬಿದವರನ್ನು ಹುಡುಕಿ, ಅರ್ಜಿ ಕೇಳದೆಯೇ ಮಾಸಾಶನ ಮಂಜೂರು ಮಾಡುವ ಪದ್ಧತಿಯೂ ಆ ವರ್ಷವೇ ಬಂತು. 2022ರಲ್ಲಿ 155245ಕ್ಕೆ ಕರೆ ಮಾಡಿದರೆ 72 ಗಂಟೆಯಲ್ಲಿ ಮಾಸಾಶನ ಎಂಬ ಭರವಸೆ ಬಂತು. ಅರ್ಜಿದಾರರು ಕಚೇರಿ ಹುಡುಕಿಕೊಂಡು ಹೋಗುವ ಬದಲು ಕಚೇರಿಯೇ ಅವರನ್ನು ಹುಡುಕುವ ಈ ಯೋಚನೆ ದೊಡ್ಡದು, ಯಾರ ಸರ್ಕಾರದ್ದಾದರೂ ಉಳಿಯಬೇಕಾದದ್ದು. ಅರ್ಹರನ್ನು ಹುಡುಕಿಕೊಟ್ಟ ಕಂಪ್ಯೂಟರೇ ಈಗ ಅನರ್ಹರನ್ನೂ ಹುಡುಕುತ್ತಿದೆ. ಹೀಗೆ ಹುಡುಕುವಾಗ ಅದು ಹಿಡಿಯುವ ಅಳತೆಗೋಲು ಮತ್ತೆ ಆ 32,000.

ಸಾಸ್ವೆಹಳ್ಳಿ ಹೋಬಳಿಯ ಒಂದು ಮನೆಯನ್ನು ಊಹಿಸಿಕೊಳ್ಳೋಣ. ಅರವತ್ತೇಳರ ಅಜ್ಜಿ, ಮಗ, ಸೊಸೆ, ಇಬ್ಬರು ಮಕ್ಕಳು. ಬಿಪಿಎಲ್ ಕಾರ್ಡಿನಲ್ಲಿ ಅಜ್ಜಿಯೇ ಯಜಮಾನಿ. 2023ರ ಆಗಸ್ಟ್‌ನಲ್ಲಿ ಶುರುವಾದ ಗೃಹಲಕ್ಷ್ಮಿ 2,000, ಸಂಧ್ಯಾ ಸುರಕ್ಷಾ 1,200. ತಿಂಗಳಿಗೆ 3,200 ರೂಪಾಯಿ ನಗದು. 2025ರ ಫೆಬ್ರುವರಿಯ ಆದೇಶದಂತೆ ತಲೆಗೆ 10 ಕೆ.ಜಿ.ಯಾದರೆ 50 ಕೆ.ಜಿ. ಅಕ್ಕಿ. ಗೃಹಜ್ಯೋತಿಯಿಂದ ಕರೆಂಟ್ ಬಿಲ್ ಇಲ್ಲ. ಅಜ್ಜಿ ವಿಧವೆಯಾಗಿದ್ದರೂ ವಿಧವಾ ವೇತನ ಬೇರೆಯಾಗಿ ಸಿಗದು, ಎರಡರಲ್ಲಿ ಒಂದೇ. ಅಜ್ಜಿ ತೀರಿಕೊಂಡರೆ ಎರಡೂ ನಗದು ಒಟ್ಟಿಗೆ ನಿಲ್ಲುತ್ತವೆ. ಸೊಸೆ ಕಾರ್ಡಿನಲ್ಲಿ ಯಜಮಾನಿಯಾಗಿ, ಇ-ಕೆವೈಸಿ ಮಾಡಿಸಿ, ಹೊಸದಾಗಿ ಗೃಹಲಕ್ಷ್ಮಿಗೆ ಅರ್ಜಿ ಹಾಕಬೇಕು. ಕಾರ್ಡಿನ ಆದಾಯ ಮಿತಿ 1,20,000, ಅಜ್ಜಿಯ ಮಾಸಾಶನದ ಮಿತಿ 32,000, ವಸತಿಯ ಮಿತಿ 2021ರಲ್ಲಿ 32,000ದಿಂದ 1,20,000ಕ್ಕೆ ಏರಿದ್ದು. ಒಂದೇ ಮನೆಗೆ ಬೇರೆಬೇರೆ ಬಡತನದ ರೇಖೆಗಳು. ವಸತಿಗೆ ಏರಿಸಬಹುದಾದ ಮಿತಿಯನ್ನು ಮುದುಕರಿಗೆ ಏರಿಸಲು ಏನು ಅಡ್ಡಿ ಎಂದು ನಾಲ್ಕೂ ತಾಲ್ಲೂಕಿನ ಶಾಸಕರನ್ನು ಕೇಳಬೇಕು.

ಅಲ್ಲಿಯವರೆಗೆ ಮಾಡಬಹುದಾದ ಕೆಲಸವೊಂದಿದೆ. ಅರ್ಜಿ ತಿರಸ್ಕಾರವಾದರೆ ‘ಆಗಲ್ಲಮ್ಮ, ಕಂಪ್ಯೂಟರ್ ತಗೊಳ್ತಿಲ್ಲ’ ಎಂಬ ಬಾಯಿಮಾತಿಗೆ ವಾಪಸು ಬರಬಾರದು. ಸಕಾಲದ ಸ್ವೀಕೃತಿ ಸಂಖ್ಯೆ ಇಟ್ಟುಕೊಂಡು ಕಾರಣ ಬರೆದ ಹಿಂಬರಹ ಕೇಳಬೇಕು. ತಡವಾದರೆ ದಿನಕ್ಕೆ 20 ರೂಪಾಯಿಯಂತೆ 500ರವರೆಗೆ ಪರಿಹಾರ ಕೊಡಬೇಕೆಂದು ಸಕಾಲ ಕಾಯ್ದೆಯೇ ಹೇಳುತ್ತದೆ. ಹಿಂಬರಹ ಕೈಯಲ್ಲಿದ್ದರೆ ಮೇಲ್ಮನವಿ ಹಾಕಬಹುದು. ಆವಾಸ್ ಪಟ್ಟಿಯಿಂದ ಹೆಸರು ಬಿಟ್ಟುಹೋಗಿದ್ದರೆ ಗ್ರಾಮಸಭೆಯಲ್ಲಿ ಎದ್ದುನಿಂತು ಹೇಳಿ, ನಡಾವಳಿಯಲ್ಲಿ ಬರೆಸಿ, ಜಿಲ್ಲಾ ಮಟ್ಟದ ಮೇಲ್ಮನವಿ ಸಮಿತಿಗೆ ಒಯ್ಯಬಹುದು. ಆದಾಯ ಪತ್ರದಲ್ಲಿ ಬರೆದ ಅಂಕಿ ತಪ್ಪು ಎನಿಸಿದರೆ ಅದರ ಮೇಲೂ ತಕರಾರು ಹಾಕಬಹುದು. ಅರ್ಜಿಯ ಒಂದು ಪ್ರತಿ, ಸ್ವೀಕೃತಿ, ಬಿದ್ದ ಗೋಡೆಯ ದಿನಾಂಕ ಸಹಿತ ಫೋಟೊ ಮನೆಯಲ್ಲೇ ಇರಲಿ.